ಕಂತು ಅಷ್ಟೇ ಇತ್ತು, ತಿಂಗಳು ಬೆಳೆದಿತ್ತು: ಅಂಕೋಲೆ ಕಡೆಯ ಒಂದು ಮನೆಸಾಲದ ಪ್ರಕರಣ

2023ರ ಜೂನ್ ಎರಡನೇ ವಾರ. ಆ ವರ್ಷ ಮಳೆ ತಡವಾಗಿತ್ತು. ಮಾಸ್ತರರು ಒಂದು ಕೈಯಲ್ಲಿ ಫಾರ್ಮ್ 16 (ಸಂಬಳ ಮತ್ತು ತೆರಿಗೆ ಕಡಿತದ ಪ್ರಮಾಣಪತ್ರ), ಇನ್ನೊಂದು ಕೈಯಲ್ಲಿ ಮರದ ಕೊನೆಯ ಕರಿ ಇಶಾಡ ಮಾವಿನ ಹಣ್ಣಿನ ಚೀಲ ಹಿಡಿದು ಬಂದರು. ನಾನು ಅಂಕೋಲೆಯಲ್ಲಿ ನೌಕರರ, ಸಣ್ಣ ವ್ಯಾಪಾರಿಗಳ ಟ್ಯಾಕ್ಸ್ ರಿಟರ್ನ್ ತುಂಬಿಕೊಡುವವನು. ಇವರು ಹೈಸ್ಕೂಲ್ ಶಿಕ್ಷಕರು. ಕಾರವಾರಕ್ಕೂ ಅಂಕೋಲೆಗೂ ನಡುವಿನ ಒಂದು ಊರಲ್ಲಿ ತಂದೆಯಿಂದ ಬಂದ ಜಾಗದಲ್ಲಿ ಚಿರೆಕಲ್ಲಿನ ಮನೆ ಕಟ್ಟಿಸಿಕೊಂಡಿದ್ದಾರೆ. ಹೆಂಡತಿ ಮನೆಯಲ್ಲೇ ಹೊಲಿಗೆ ಮಾಡುತ್ತಾರೆ. ಮನೆಯ ಲೆಕ್ಕವೆಲ್ಲ ಅವರ ಒಂದು ನೋಟ್‌ಬುಕ್ಕಿನಲ್ಲಿದೆ. ಈ ಪ್ರಕರಣ ಬರೆಯಲು ಇಬ್ಬರೂ ಒಪ್ಪಿದ್ದಾರೆ, ಹೆಸರು ಮತ್ತು ಬ್ಯಾಂಕು ಬೇಡ ಎಂಬ ಷರತ್ತಿನ ಮೇಲೆ.

ಫಾರ್ಮ್ 16ರ ಜೊತೆ ಬ್ಯಾಂಕಿನ ಬಡ್ಡಿ ಪ್ರಮಾಣಪತ್ರವೂ ಇತ್ತು. 2022-23ರಲ್ಲಿ ಕಟ್ಟಿದ ಬಡ್ಡಿ 2,36,822 ರೂಪಾಯಿ, ತೀರಿದ ಅಸಲು 40,126. ಎರಡು ಲಕ್ಷಕ್ಕಿಂತ ಮೇಲಿನ ಬಡ್ಡಿಗೆ ಹೇಗೂ ತೆರಿಗೆ ರಿಯಾಯಿತಿ ಇಲ್ಲವಲ್ಲ ಎಂದುಕೊಂಡು 2,00,000 ಎಂದು ತುಂಬಿ ಮುಂದೆ ಹೋಗುವವನಿದ್ದೆ. ಹಿಂದಿನ ವರ್ಷದ ಫೈಲ್ ಪಕ್ಕದಲ್ಲೇ ತೆರೆದಿತ್ತು. ಅದರಲ್ಲಿ ಬಡ್ಡಿ 2,04,745, ಅಸಲು 72,203.

ಅಲ್ಲಿ ಕೈ ನಿಂತಿತು. ಕಂತಿನ ಸಾಲದಲ್ಲಿ ದರ ಏರದಿದ್ದರೆ ಅಸಲಿಗೆ ಹೋಗುವ ಪಾಲು ವರ್ಷದಿಂದ ವರ್ಷಕ್ಕೆ ಏರಲೇಬೇಕು. ಮೊದಲ ವರ್ಷ 72 ಸಾವಿರ ಹೋಗಿದ್ದರೆ ಎರಡನೇ ವರ್ಷ 77 ಸಾವಿರ ಹೋಗಬೇಕಿತ್ತು. ಇಲ್ಲಿ ಅದು ಸಮುದ್ರ ಭರತದ ಹೊತ್ತಿನ ಗಂಗಾವಳಿ ಹೊಳೆಯಂತೆ ಹಿಮ್ಮುಖವಾಗಿತ್ತು.

"ಕಂತು ಎಲ್ಲಾದ್ರೂ ತಪ್ಪಿದ್ದುಂಟಾ?" ಕೇಳಿದೆ.

"ಒಂದೂ ಇಲ್ಲ. ಐದನೇ ತಾರೀಖು ಬಂತಂದ್ರೆ 23,079 ಕಟ್ಟಾಗ್ತದೆ. ಮೊದಲಿಂದ ಅಷ್ಟೇ. ಬಡ್ಡಿ ಏರಿತು ಅಂತ ಪೇಪರಲ್ಲಿ ಓದಿದ್ದೆ, ನಮಗೇನೂ ಏರಿಲ್ಲ," ಎಂದರು ಮಾಸ್ತರರು. ಆ ಮಾತಿನಲ್ಲಿ ನೆಮ್ಮದಿಯೇ ಇತ್ತು.

ಮರುದಿನ ಸಾಲದ ಪೂರ್ತಿ ಸ್ಟೇಟ್‌ಮೆಂಟ್ ತರಿಸಿದೆವು. 2023ರ ಏಪ್ರಿಲ್ ತಿಂಗಳ ಸಾಲು ಹೀಗಿತ್ತು: ಕಂತು 23,079, ಬಡ್ಡಿ 22,620, ಅಸಲು 459. ಕೆಳಗೆ ಮೂಲೆಯಲ್ಲಿ ಉಳಿದ ಕಂತುಗಳು: 502.

ನಾನೂರ ಐವತ್ತೊಂಬತ್ತು ರೂಪಾಯಿ. ಆ ಚೀಲದ ಇಶಾಡಕ್ಕೆ ಪೇಟೆಯಲ್ಲಿ ಅದಕ್ಕಿಂತ ಹೆಚ್ಚು ಬೀಳುತ್ತಿತ್ತು. 20 ವರ್ಷಕ್ಕೆಂದು ತೆಗೆದ ಸಾಲಕ್ಕೆ ಎರಡು ವರ್ಷ ಕಟ್ಟಿದ ಮೇಲೆ ಇನ್ನೂ 41 ವರ್ಷ 10 ತಿಂಗಳು ಉಳಿದಿತ್ತು. ಮಾಸ್ತರರು ಹುಟ್ಟಿದ್ದು 1983ರಲ್ಲಿ, ನಿವೃತ್ತಿ 60ಕ್ಕೆ. ಆ ಸ್ಟೇಟ್‌ಮೆಂಟ್ ನಂಬಿದರೆ ಕೊನೆಯ ಕಂತು ಕಟ್ಟುವಾಗ ಅವರಿಗೆ 81 ದಾಟಿರುತ್ತದೆ.

ಸಾಲ ಶುರುವಾದ ಬಗೆ

ಹಿಂದಿನಿಂದ ಹೇಳಬೇಕು. 2019ರ ಅಕ್ಟೋಬರ್ 1ರಿಂದ ಬ್ಯಾಂಕುಗಳು ಕೊಡುವ ಹೊಸ ಚರ ಬಡ್ಡಿಯ (ಕಾಲಕಾಲಕ್ಕೆ ಬದಲಾಗುವ ಬಡ್ಡಿಯ) ಮನೆಸಾಲಗಳನ್ನು ಹೊರಗಿನ ಒಂದು ದರಕ್ಕೆ ಕಟ್ಟಬೇಕೆಂದು ರಿಸರ್ವ್ ಬ್ಯಾಂಕ್ ನಿಯಮ ಮಾಡಿತು. ಹೆಚ್ಚಿನ ಬ್ಯಾಂಕುಗಳು ರೆಪೊ ದರವನ್ನು, ಅಂದರೆ ರಿಸರ್ವ್ ಬ್ಯಾಂಕ್ ಬ್ಯಾಂಕುಗಳಿಗೆ ಸಾಲ ಕೊಡುವ ದರವನ್ನು, ಹಿಡಿದವು. ರೆಪೊ ಮೇಲೆ ಬ್ಯಾಂಕು ತನ್ನ ಪಾಲನ್ನು, ಅಂದರೆ ಸ್ಪ್ರೆಡ್ ಅನ್ನು, ಸೇರಿಸಿದರೆ ನಮ್ಮ ಬಡ್ಡಿ. ಮಾಸ್ತರರ ಸಾಲ ಮಂಜೂರಾದದ್ದು ಅದೇ ಡಿಸೆಂಬರಿನಲ್ಲಿ, 30 ಲಕ್ಷ, ರೆಪೊ ಮೇಲೆ 2.90. ಆಗ ರೆಪೊ 5.15 ಇತ್ತು, ಆದ್ದರಿಂದ ಬಡ್ಡಿ 8.05.

ಜನವರಿಯಲ್ಲಿ ಸಾಲದ ಹಣದ ಮೊದಲ ಗಡು (ಒಂದು ಸಲಕ್ಕೆ ಬಿಡುಗಡೆಯಾಗುವ ಪಾಲು) 8 ಲಕ್ಷ ಬಂತು. ಬಂತು ಎನ್ನುವುದು ಪೂರ್ತಿ ನಿಜವಲ್ಲ. ಅದರಲ್ಲಿ 96,000 ರೂಪಾಯಿ ಸಾಲಕ್ಕೆ ರಕ್ಷಣೆ ಎಂದು ಒಂದೇ ಕಂತಿನ ವಿಮೆಗೆ ಹೋಯಿತು. "ಸಹಿ ಮಾಡುವಾಗ ಕಾಗದ ಎಷ್ಟಿತ್ತು ಅಂದ್ರೆ, ಒಂದು ಹೆಚ್ಚಾಯ್ತೋ ಕಡಿಮೆ ಆಯ್ತೋ ಗೊತ್ತೇ ಆಗಲಿಲ್ಲ," ಎಂದರು. ಹೀಗೆ ವಿಮೆ ಮಾಡಿಸಿದರೇ ಸಾಲ ಎಂಬ ಕಾನೂನು ಇಲ್ಲ. ಆದರೆ ಸಾಲ ಬೇಕಾದವನು ಮೇಜಿನ ಆಚೆ ಕೂತವನ ಹತ್ತಿರ ಕಾನೂನು ಕೇಳುವುದೂ ಕಡಿಮೆ.

ಪಾಯ ಎದ್ದು ಗೋಡೆ ಏರುವ ಹೊತ್ತಿಗೆ ಮಾರ್ಚ್, ಲಾಕ್‌ಡೌನ್. ಅದು ಸಡಿಲಾಗುವಾಗ ಮಳೆಗಾಲ. ಕರಾವಳಿಯಲ್ಲಿ ಜೂನ್‌ನಿಂದ ಸೆಪ್ಟೆಂಬರ್ ತನಕ ಕಟ್ಟಡದ ಕೆಲಸ ನಡೆಯುವುದಿಲ್ಲ, ಆಮೇಲೆ ಮರಳಿನ ತಾಪತ್ರಯ. ಕೆಲಸ ಮತ್ತೆ ಚುರುಕಾದದ್ದು ದೀಪಾವಳಿಗೆ. ಅಷ್ಟು ಕಾಲವೂ ಬಿಡುಗಡೆಯಾದ ಹಣಕ್ಕೆ ಬರೀ ಬಡ್ಡಿ ಕಟ್ಟುತ್ತಲೇ ಇದ್ದರು. ಹೆಂಡತಿಯ ನೋಟ್‌ಬುಕ್ಕಿನ ಪ್ರಕಾರ 15 ತಿಂಗಳಿಗೆ 1,10,050 ರೂಪಾಯಿ. ಬಾಡಿಗೆ ಮನೆಯ ಬಾಡಿಗೆ ಬೇರೆ. ಕೊನೆಯ 4 ಲಕ್ಷ 2021ರ ಮಾರ್ಚ್ ಕೊನೆಗೆ ಬಂತು, ಏಪ್ರಿಲ್‌ನಿಂದ ಪೂರ್ತಿ ಕಂತು, ಮೇ ತಿಂಗಳಲ್ಲಿ ಎರಡನೇ ಲಾಕ್‌ಡೌನ್ ನಡುವೆ ಹತ್ತು ಜನರ ಗೃಹಪ್ರವೇಶ.

ಅಷ್ಟರಲ್ಲಿ ರೆಪೊ 4.00ಕ್ಕೆ ಇಳಿದಿತ್ತು. ಬಡ್ಡಿ 6.90. ಅದರ ಮೇಲೆ 240 ತಿಂಗಳಿಗೆ ಲೆಕ್ಕ ಹಾಕಿದ ಕಂತು 23,079. ಎಲ್ಲ ಕಂತು ಸೇರಿದರೆ 55.39 ಲಕ್ಷ, ಅದರಲ್ಲಿ ಬಡ್ಡಿ 25.39 ಲಕ್ಷ. ಇಷ್ಟು ಕಡಿಮೆ ಬಡ್ಡಿ ಹಿಂದೆ ಕಂಡಿರಲಿಲ್ಲ ಎಂದು ಎಲ್ಲರೂ ಹೇಳುತ್ತಿದ್ದ ಕಾಲ ಅದು. ನಾನೂ ಹೇಳಿದ್ದೆ. ಕಡಿಮೆ ಬಡ್ಡಿಯಲ್ಲಿ ಶುರುವಾದ ಚರ ಸಾಲಕ್ಕೆ ಮುಂದೆ ಇಳಿಯಲು ಜಾಗ ಕಡಿಮೆ, ಏರಲು ಜಾಗ ಜಾಸ್ತಿ ಎಂದು ನನಗಾಗ ಹೊಳೆದಿರಲಿಲ್ಲ.

ಎರಡೂವರೆ ಪರ್ಸೆಂಟ್ ಎಷ್ಟು ದೊಡ್ಡದು

2022ರ ಮೇ 4ರಂದು ರಿಸರ್ವ್ ಬ್ಯಾಂಕ್ ರೆಪೊ ಏರಿಸಲು ಶುರುಮಾಡಿತು. ಮೇನಲ್ಲಿ 4.40, ಜೂನಲ್ಲಿ 4.90, ಆಗಸ್ಟಲ್ಲಿ 5.40, ಸೆಪ್ಟೆಂಬರ್ 30ಕ್ಕೆ 5.90, ಡಿಸೆಂಬರಲ್ಲಿ 6.25, 2023ರ ಫೆಬ್ರವರಿಯಲ್ಲಿ 6.50. ಒಂಬತ್ತು ತಿಂಗಳಲ್ಲಿ ಎರಡೂವರೆ. ಮಾಸ್ತರರ ಬ್ಯಾಂಕು ಮೂರು ತಿಂಗಳಿಗೊಮ್ಮೆ ಬಡ್ಡಿ ತಿದ್ದುತ್ತಿತ್ತು. ಹಾಗೆ 6.90 ಇದ್ದದ್ದು 7.80 ಆಯಿತು, 8.80 ಆಯಿತು, 9.15, ಕೊನೆಗೆ ಏಪ್ರಿಲ್ 1ರಿಂದ 9.40.

ಇದನ್ನು ಅವರಿಗೆ ವಿವರಿಸಲು ಆ ದಿನ ನನಗೆ ಅರ್ಧ ಗಂಟೆ ಹಿಡಿಯಿತು. ಮಾಸ್ತರರು ಗಣಿತದವರಲ್ಲ, ಕನ್ನಡದವರು. ಅವರ ಪ್ರಶ್ನೆ ನ್ಯಾಯವಾದದ್ದೇ: "ಬಡ್ಡಿ ಏರಿದ್ದು ಎರಡೂವರೆ. ಇಪ್ಪತ್ತು ವರ್ಷ ಇದ್ದದ್ದು ಇಪ್ಪತ್ತೆರಡೋ ಇಪ್ಪತ್ತೈದೋ ಆಗಬಹುದು. ನಲವತ್ತು ಹೇಗಾಗ್ತದೆ?"

ಉತ್ತರ ಮೊದಲ ಕಂತಿನಲ್ಲೇ ಇದೆ. 30 ಲಕ್ಷಕ್ಕೆ 6.90ರಂತೆ ಒಂದು ತಿಂಗಳ ಬಡ್ಡಿ 17,250. ಕಂತು 23,079. ಬಡ್ಡಿ ಮೊದಲು ತನ್ನ ಪಾಲು ತೆಗೆದುಕೊಳ್ಳುತ್ತದೆ, ಮಿಕ್ಕ 5,829 ಮಾತ್ರ ಅಸಲಿಗೆ. ದೋಣಿ ಮುಂದೆ ಹೋಗುವುದು ಆ 5,829ರ ಹುಟ್ಟಿನಿಂದ ಮಾತ್ರ, ಉಳಿದದ್ದೆಲ್ಲ ಇದ್ದಲ್ಲೇ ನಿಲ್ಲಲು ಬೇಕಾದ ಶ್ರಮ. ಈಗ 28.88 ಲಕ್ಷ ಬಾಕಿಯ ಮೇಲೆ ಎರಡೂವರೆ ಪರ್ಸೆಂಟ್ ಎಂದರೆ ತಿಂಗಳಿಗೆ ಸುಮಾರು 6,000. ಏರಿಕೆಯು ಹೆಚ್ಚುಕಡಿಮೆ ಅಸಲಿನ ಆ ಪಾಲಿನಷ್ಟೇ ಇದೆ. ಕಂತು ಏರಿಸದೆ ಬಿಟ್ಟರೆ ಅದು ಆ ಪಾಲನ್ನೇ ನುಂಗುತ್ತದೆ. ಸ್ಟೇಟ್‌ಮೆಂಟಿನಲ್ಲಿ ಅದನ್ನು ಕಣ್ಣಾರೆ ನೋಡಬಹುದಿತ್ತು: 2022ರ ಸೆಪ್ಟೆಂಬರಿನಲ್ಲಿ ಅಸಲಿಗೆ 4,225, ಅಕ್ಟೋಬರಿನಲ್ಲಿ 1,839, ಜನವರಿಯಲ್ಲಿ 1,037, ಏಪ್ರಿಲಿನಲ್ಲಿ 459.

ಬಾಕಿ ಇನ್ನೊಂದು ಅರವತ್ತು ಸಾವಿರ ಹೆಚ್ಚಿದ್ದಿದ್ದರೆ ಪೂರ್ತಿ ಕಂತು ಕೊಟ್ಟರೂ ಬಡ್ಡಿಗೇ ಸಾಲುತ್ತಿರಲಿಲ್ಲ, ಸಾಲ ತಾನಾಗಿ ಬೆಳೆಯುತ್ತಿತ್ತು. ಕೊನೆಯ ಗಡು ಒಂದು ವರ್ಷ ತಡವಾಗಿ ಬಂದವರಿಗೆ ಹೀಗೇ ಆಗಿರಬೇಕು.

ಹೆಂಡತಿ ಅಷ್ಟು ಹೊತ್ತೂ ಮಾತಾಡಿರಲಿಲ್ಲ. ನೋಟ್‌ಬುಕ್ಕಿನಲ್ಲಿ 459 ಎಂದು ಬರೆದು ಸುತ್ತ ಒಂದು ಗೆರೆ ಎಳೆದರು. "ಹಾಗಾದ್ರೆ ಇಷ್ಟು ದಿನ ನಾವು ಕಟ್ಟಿದ್ದು ಮನೆ ಅಲ್ಲ, ಬಡ್ಡಿ," ಎಂದರು.

ಎಸ್ಸೆಮ್ಮೆಸ್ ಬಂದಿರಲಿಲ್ಲವೇ? ಬಂದಿತ್ತು. ಹಳೆಯ ಮೊಬೈಲ್ ಹುಡುಕಿದಾಗ ಒಂದು ಸಿಕ್ಕಿತು: ನಿಮ್ಮ ಬಡ್ಡಿದರ ಪರಿಷ್ಕರಣೆಯಾಗಿದೆ, ಹೆಚ್ಚಿನ ಮಾಹಿತಿಗೆ ಶಾಖೆಯನ್ನು ಸಂಪರ್ಕಿಸಿ, ಅಂತ. ತಿಂಗಳು ಬೆಳೆದ ಸುದ್ದಿ ಅದರಲ್ಲಿರಲಿಲ್ಲ. ಸಾಲ ನಿವೃತ್ತಿ ವಯಸ್ಸು ದಾಟುವ ಹಾಗಾದರೆ ಎಷ್ಟೋ ಬ್ಯಾಂಕುಗಳು ಕಂತನ್ನು ತಾವೇ ಏರಿಸುತ್ತವೆ. ಇಲ್ಲಿ ಯಾಕೋ ಏರಿಸಿರಲಿಲ್ಲ.

ನನ್ನ ತಪ್ಪನ್ನೂ ಬರೆಯಬೇಕು. ಏರಿಕೆ ಸುದ್ದಿಯಾಗಿದ್ದ 2022ರ ಜುಲೈನಲ್ಲಿ ಇದೇ ಮಾಸ್ತರರ ರಿಟರ್ನ್ ನಾನೇ ತುಂಬಿದ್ದೆ. ಪ್ರಮಾಣಪತ್ರದ ಬಡ್ಡಿಯ ಅಂಕಿ ಮಾತ್ರ ನೋಡಿದ್ದೆ. ಟ್ಯಾಕ್ಸಿನವನಿಗೆ ಬೇಕಾದದ್ದು ಅದೊಂದೇ ಅಂಕಿ.

ಟ್ಯಾಕ್ಸ್ ಉಳಿಯಿತಲ್ಲ ಎಂಬ ಸಮಾಧಾನ

"ಮನೆಸಾಲ ಇದ್ರೆ ಟ್ಯಾಕ್ಸ್ ಉಳಿತದೆ" ಎಂದು ನಮ್ಮಲ್ಲಿ ಸ್ಟಾಫ್ ರೂಮಿನಿಂದ ಸ್ಟಾಫ್ ರೂಮಿಗೆ ಹಬ್ಬಿದ ಮಾತಿದೆ. ಲೆಕ್ಕ ಹಾಕಿ ತೋರಿಸಿದೆ. ಅವರ ಆ ವರ್ಷದ ಸಂಬಳ ಏಳೂವರೆ ಲಕ್ಷ. ಸಂಬಳದವರಿಗೆಲ್ಲ ಸಿಗುವ ಸ್ಟ್ಯಾಂಡರ್ಡ್ ಡಿಡಕ್ಷನ್ 50,000, ಉಳಿತಾಯಕ್ಕೂ ತೀರಿದ ಅಸಲಿಗೂ ಸಿಗುವ 80ಸಿ ಅಡಿಯ ಒಂದೂವರೆ ಲಕ್ಷ ಕಳೆದರೆ ಐದೂವರೆ ಲಕ್ಷ ಆದಾಯ, ಅದಕ್ಕೆ ಸೆಸ್ ಸೇರಿ 23,400 ತೆರಿಗೆ. ಮನೆಸಾಲದ ಎರಡು ಲಕ್ಷ ಬಡ್ಡಿಯನ್ನೂ ಕಳೆದರೆ ತೆರಿಗೆ ಸೊನ್ನೆ. ಅಂದರೆ 2,36,822 ಬಡ್ಡಿ ಕಟ್ಟಿ 23,400 ಉಳಿಸಿದ್ದು. ಉಳಿಯಿತು ಎನ್ನುವುದು ಸುಳ್ಳಲ್ಲ. ಆದರೆ ಅಷ್ಟಕ್ಕಾಗಿ ಸಾಲವನ್ನು ಬೇಗ ತೀರಿಸದೆ ಇಟ್ಟುಕೊಳ್ಳುವವರನ್ನು ನಾನು ಪ್ರತಿ ಜುಲೈನಲ್ಲಿ ನೋಡುತ್ತೇನೆ.

ಕಟ್ಟುವಾಗಿನ 1,10,050 ಬಡ್ಡಿಯನ್ನು ಐದು ಸಮಪಾಲು ಮಾಡಿ ವರ್ಷಕ್ಕೆ 22,010ರಂತೆ ತೋರಿಸಬಹುದು ಎಂಬ ಸೌಲಭ್ಯವೂ ಇವರಿಗೆ ಉಪಯೋಗಕ್ಕೆ ಬರಲಿಲ್ಲ. ಅದೂ ಅದೇ ಎರಡು ಲಕ್ಷದ ಮಿತಿಯೊಳಗೇ ಬರಬೇಕು, ಆ ಮಿತಿ ಆಗಲೇ ತುಂಬಿತ್ತು. 2025-26ರಿಂದ ಹೊಸ ತೆರಿಗೆ ಪದ್ಧತಿಯಲ್ಲಿ 12 ಲಕ್ಷದವರೆಗಿನ ಆದಾಯಕ್ಕೆ ತೆರಿಗೆಯೇ ಇಲ್ಲ. ಸ್ವಂತ ವಾಸದ ಮನೆಯ ಬಡ್ಡಿಗೆ ಆ ಪದ್ಧತಿಯಲ್ಲಿ ರಿಯಾಯಿತಿಯೂ ಇಲ್ಲ. ಮಾಸ್ತರರ ಮಟ್ಟಿಗೆ ಆ ಸಮಾಧಾನದ ಕತೆ ಅಲ್ಲಿಗೇ ಮುಗಿಯಿತು.

ಶಾಖೆಗೆ ಎರಡು ಸಲ

ಜುಲೈನಲ್ಲಿ ಮೊದಲ ಸಲ ಹೋದಾಗ ಕೌಂಟರಿನಲ್ಲಿ ಸಿಕ್ಕ ಉತ್ತರ: "ಕಂತು ಹೆಚ್ಚಾಗಿಲ್ಲವಲ್ಲ ಸರ್, ಎಂತ ತೊಂದ್ರೆ?" ಕಂತು ಏರಿಸಿಕೊಡಿ ಎಂದು ಕೇಳುವ ಗಿರಾಕಿಯನ್ನು ಆ ಹುಡುಗ ಮೊದಲ ಸಲ ನೋಡಿರಬೇಕು. ಸಿಸ್ಟಮ್‌ನಲ್ಲಿ ಬರುವುದಿಲ್ಲ, ಮೇಲಿನ ಕಚೇರಿಗೆ ಬರೆಯಬೇಕು ಎಂದ. ಹೊರಗೆ ಬರುವಾಗ ಬಾಗಿಲ ಪಕ್ಕದ ಬ್ಯಾನರ್ ಹೆಂಡತಿಯ ಕಣ್ಣಿಗೆ ಬಿತ್ತು: ಹೊಸ ಮನೆಸಾಲ, ಶೇಕಡಾ 8.60ರಿಂದ. "ನಾವು ಹಳಬ್ರು, ನಮಗೆ 9.40. ಹೊಸಬ್ರಿಗೆ 8.60. ಇದೆಂತ ಲೆಕ್ಕ?"

ಅವರು ಕೇಳಿದ್ದು ಸರಿಯಾದ ಪ್ರಶ್ನೆ. ರೆಪೊ ಇಬ್ಬರಿಗೂ ಒಂದೇ. ವ್ಯತ್ಯಾಸ ಸ್ಪ್ರೆಡ್‌ನಲ್ಲಿದೆ. ಗಿರಾಕಿಗಳಿಗಾಗಿ ಪೈಪೋಟಿ ಬಿದ್ದಾಗ ಬ್ಯಾಂಕು ಹೊಸಬರ ಸ್ಪ್ರೆಡ್ಡನ್ನು 2.10ಕ್ಕೆ ಇಳಿಸಿತ್ತು. ಹಳಬರದು ಒಪ್ಪಂದದಲ್ಲಿ ಬರೆದ 2.90ಕ್ಕೇ ನಿಂತಿತ್ತು. ಕೇಳದಿದ್ದರೆ ಯಾರೂ ತಾವಾಗಿ ಇಳಿಸಿಕೊಡುವುದಿಲ್ಲ.

ಅಷ್ಟರಲ್ಲಿ ಆಗಸ್ಟ್ 18ರಂದು ರಿಸರ್ವ್ ಬ್ಯಾಂಕಿನ ಸುತ್ತೋಲೆ ಬಂತು. ಚರ ಬಡ್ಡಿಯ ಕಂತಿನ ಸಾಲಗಳಲ್ಲಿ ಗ್ರಾಹಕರಿಗೆ ತಿಳಿಸದೆ, ಒಪ್ಪಿಗೆ ಇಲ್ಲದೆ ಅವಧಿ ಬೆಳೆಸುತ್ತಿದ್ದಾರೆಂಬ ದೂರುಗಳು ಬಂದಿದ್ದರಿಂದಲೇ ಅದನ್ನು ಹೊರಡಿಸಿದ್ದು. ಬಡ್ಡಿ ತಿದ್ದುವಾಗ ಕಂತು ಏರಿಸುವುದೋ, ಅವಧಿ ಬೆಳೆಸುವುದೋ, ಎರಡೂ ಸ್ವಲ್ಪ ಸ್ವಲ್ಪವೋ ಎಂದು ಸಾಲಗಾರನನ್ನೇ ಕೇಳಬೇಕು. ಸ್ಥಿರ ಬಡ್ಡಿಗೆ ಬದಲಾಗುವ ಆಯ್ಕೆಯನ್ನೂ ಆಗ ಕೊಡಲೇಬೇಕಿತ್ತು (2025ರ ಅಕ್ಟೋಬರ್‌ನಿಂದ ಅದು ಕಡ್ಡಾಯವಲ್ಲ). ಭಾಗಶಃ ಅಥವಾ ಪೂರ್ತಿ ಮುಂಗಡ ತೀರಿಸಲು ಬಿಡಬೇಕು. ಅವಧಿ ಬೆಳೆದು ಕಂತು ಬಡ್ಡಿಗೂ ಸಾಕಾಗದ ಸ್ಥಿತಿ ಬರಬಾರದು. ಮೂರು ತಿಂಗಳಿಗೊಮ್ಮೆ ಕೊಡುವ ಸ್ಟೇಟ್‌ಮೆಂಟಿನಲ್ಲಿ ಉಳಿದ ಕಂತುಗಳ ಸಂಖ್ಯೆ ಇರಬೇಕು. ಹಳೆಯ ಸಾಲಗಳಿಗೂ ಇದೆಲ್ಲ ಆ ಡಿಸೆಂಬರ್ 31ರೊಳಗೆ ಜಾರಿಯಾಗಬೇಕಿತ್ತು.

ಸೆಪ್ಟೆಂಬರಿನಲ್ಲಿ ಅದರ ಪ್ರಿಂಟ್ ತೆಗೆದುಕೊಂಡು ಎರಡನೇ ಸಲ ಹೋದೆವು. ಮ್ಯಾನೇಜರ್ ಬದಲಾಗಿದ್ದರು. ಹೊಸಬರು ಹತ್ತು ನಿಮಿಷ ಕೂರಿಸಿ ಮಾತಾಡಿದರು, ಕೆಲಸವೂ ಆಯಿತು. ಸುತ್ತೋಲೆಯ ಬಲವೋ ಮನುಷ್ಯನ ಗುಣವೋ, ಹೇಳಲಾರೆ.

ಮಾಡಿದ್ದು ಇಷ್ಟು. ಜಿಎಸ್‌ಟಿ ಸೇರಿ 5,900 ಶುಲ್ಕ ಕಟ್ಟಿ ಸ್ಪ್ರೆಡ್ 2.90ರಿಂದ 2.10ಕ್ಕೆ ಇಳಿಸಿಕೊಂಡರು. ಹೆಂಡತಿಯ ಪೋಸ್ಟಾಫೀಸ್ ಆರ್‌ಡಿ ಮುಗಿದು ಬಂದ 1,50,000 ರೂಪಾಯಿಯನ್ನು ಅಸಲಿಗೆ ತುಂಬಿದರು. ವ್ಯಕ್ತಿಗಳ ಚರ ಬಡ್ಡಿಯ ಮನೆಸಾಲಕ್ಕೆ ಮುಂಗಡ ತೀರಿಸಿದರೆ ದಂಡ ಹಾಕುವಂತಿಲ್ಲ, ಹಾಕಲೂ ಇಲ್ಲ. ಕಂತನ್ನು 26,500ಕ್ಕೆ ಏರಿಸಿಕೊಂಡರು, ಅಂದರೆ ತಿಂಗಳಿಗೆ 3,421 ಹೆಚ್ಚು. ಆ ಏಪ್ರಿಲ್‌ನಿಂದ ರಾಜ್ಯ ಸರ್ಕಾರಿ ನೌಕರರಿಗೆ ಶೇಕಡಾ 17ರ ಮಧ್ಯಂತರ ಪರಿಹಾರ ಬರುತ್ತಿತ್ತು. ಅದಿಲ್ಲದಿದ್ದರೆ ಈ ಮಾತು ಕಾಗದದಲ್ಲೇ ಉಳಿಯುತ್ತಿತ್ತು.

ಕಂತನ್ನು ಸುಮಾರು 28,050 ಮಾಡಿದರೆ ಮುಂಗಡದ, ಸ್ಪ್ರೆಡ್ಡಿನ ಗೊಡವೆಯೇ ಇಲ್ಲದೆ ಮೊದಲಿನ 2041ರ ಮಾರ್ಚಿಗೇ ಸಾಲ ಮುಗಿಯುತ್ತಿತ್ತು. ಆದರೆ ಮಗಳ ಕಾಲೇಜು ಹತ್ತಿರ ಬರುತ್ತಿದೆ, ಅಷ್ಟು ಬಿಗಿ ಬೇಡವೆಂದರು. ಸೊಸೈಟಿಯಲ್ಲಿ ಸಾಲ ತೆಗೆದು ಬ್ಯಾಂಕಿಗೆ ತುಂಬಿದರೆ ಹೇಗೆ ಎಂದು ಪಕ್ಕದ ಮನೆಯವರು ಸೂಚಿಸಿದ್ದರಂತೆ. ಅಗ್ಗದ ಸಾಲವನ್ನು ತುಟ್ಟಿಯ ಸಾಲದಿಂದ ತೀರಿಸುವ ಆ ಯೋಚನೆ ಅಲ್ಲಿಗೇ ಬಿತ್ತು.

ಅರ್ಜಿಯಲ್ಲಿ ಒಂದು ಸಾಲನ್ನು ಕೈಯಲ್ಲೇ ಬರೆಸಿದೆ: ಮುಂಗಡ ಹಣಕ್ಕೆ ಕಂತು ಇಳಿಸಬೇಡಿ, ತಿಂಗಳು ಇಳಿಸಿ. ಇದನ್ನು ಬರೆಯದೆ ಬಂದ ಇನ್ನೊಬ್ಬರಿಗೆ ಕಂತು ನಾನೂರು ಚಿಲ್ಲರೆ ಇಳಿದು, ಅವಧಿ ಇದ್ದಲ್ಲೇ ಇದ್ದದ್ದನ್ನು ನೋಡಿದ್ದೇನೆ.

96,000ದ ಕತೆ

ವಿಮೆಯ ಕಡೆ ಗಮನ ಹೋದದ್ದು ಒಂದು ವರ್ಷದ ನಂತರ. 2024ರ ಜುಲೈ 16ರಂದು ನಮ್ಮ ಅಂಕೋಲೆ ತಾಲೂಕಿನ ಶಿರೂರಿನಲ್ಲಿ ಗುಡ್ಡ ಕುಸಿದು ಹೆದ್ದಾರಿ 66 ಮುಚ್ಚಿತು. ಆ ವಾರ ನಮ್ಮ ಕಡೆ ಯಾರೂ ಸರಿಯಾಗಿ ನಿದ್ದೆ ಮಾಡಲಿಲ್ಲ. ರಿಟರ್ನ್ ಕೆಲಸಕ್ಕೆ ಬಂದ ಹೆಂಡತಿ ಕೇಳಿದರು: "ನಮ್ಮ ಮನೆ ಹಿಂದೆಯೂ ದಿಬ್ಬ ಉಂಟು. ಅದು ಜರಿದ್ರೆ ಆ ತೊಂಬತ್ತಾರು ಸಾವಿರದ ಇನ್ಶೂರೆನ್ಸ್ ಬರ್ತದಾ?"

ಪಾಲಿಸಿ ತೆಗೆದು ಓದಿದೆವು. ಬರುವುದಿಲ್ಲ. ಅದು ಜೀವ ವಿಮೆ, ಮನೆಗೆ ಸಂಬಂಧವಿಲ್ಲ. ಮಾಸ್ತರರು ತೀರಿಹೋದರೆ ಸಾಲದ ಬಾಕಿಗೆ ಹಣ ಕೊಡುತ್ತದೆ. ಅದನ್ನೂ ಪೂರ್ತಿ ಕೊಡುವುದಿಲ್ಲ. ವಿಮೆಯ ಮೊತ್ತ ವರ್ಷ ವರ್ಷ ಇಳಿಯುವ ಪಟ್ಟಿ ಹಿಂದಿನ ಪುಟದಲ್ಲಿತ್ತು, ಸಾಲ ಅಂದುಕೊಂಡ ಹಾಗೆ ಸರಿಯಾಗಿ ತೀರುತ್ತ ಹೋದರೆ ಎಷ್ಟು ಬಾಕಿ ಇರಬೇಕೋ ಅಷ್ಟು. ಸಾಲ ಆ ದಾರಿಯಲ್ಲಿ ಹೋಗಿರಲಿಲ್ಲ. 2023ರ ಸೆಪ್ಟೆಂಬರ್ ಕೊನೆಗೆ ಪಟ್ಟಿಯಲ್ಲಿದ್ದದ್ದು 28.10 ಲಕ್ಷ, ನಿಜವಾದ ಬಾಕಿ 28.85 ಲಕ್ಷ. ಆ ನಡುವೆ ಏನಾದರೂ ಆಗಿದ್ದರೆ 75 ಸಾವಿರ ಮನೆಯವರ ತಲೆಗೆ ಬರುತ್ತಿತ್ತು.

ಈ 96,000 ಸಾಲದೊಳಗೇ ಸೇರಿದ್ದರಿಂದ ಅದಕ್ಕೂ ಬಡ್ಡಿ ಓಡುತ್ತದೆ. 6.90ರಲ್ಲಿ 20 ವರ್ಷಕ್ಕೆ ಅದು 1,77,000 ಚಿಲ್ಲರೆಯಾಗುತ್ತದೆ. ಬೇರೆಯಾಗಿ ಒಂದು ಟರ್ಮ್ ಪಾಲಿಸಿ (ಇಂತಿಷ್ಟು ವರ್ಷಕ್ಕೆಂದು ಮಾಡಿಸುವ ಬರೀ ಜೀವ ವಿಮೆ) ಮಾಡಿಸಿ ವರ್ಷಕ್ಕಿಷ್ಟು ಎಂದು ಕಟ್ಟುತ್ತ ಹೋಗಿದ್ದರೆ ಬಡ್ಡಿಯ ಮಾತೇ ಬರುತ್ತಿರಲಿಲ್ಲ, ಮೊತ್ತವೂ ಇಳಿಯುತ್ತಿರಲಿಲ್ಲ. ಈಗ ಸಾಲ ತೆಗೆಯುವವರ ಸ್ಥಿತಿ ಇಷ್ಟು ಕುರುಡಲ್ಲ. 2024ರ ಅಕ್ಟೋಬರ್ 1ರಿಂದ ಪ್ರತಿ ಹೊಸ ಮನೆಸಾಲಕ್ಕೂ ಮುಖ್ಯಾಂಶಗಳ ಒಂದು ಪತ್ರ ಕೊಡಬೇಕು. ಬ್ಯಾಂಕಿನ ಮೂಲಕ ಹೋಗುವ ವಿಮೆ, ಲೀಗಲ್ ಒಪಿನಿಯನ್ ಖರ್ಚು ಎಲ್ಲವನ್ನೂ ಸೇರಿಸಿದ ವಾರ್ಷಿಕ ದರ ಅದರಲ್ಲಿರುತ್ತದೆ. ಬ್ಯಾನರಿನ ದರಕ್ಕೂ ಆ ಪತ್ರದ ದರಕ್ಕೂ ಇರುವ ಅಂತರ ನೋಡಿಯೇ ಸಹಿ ಹಾಕಿ ಎಂದು ನನ್ನಲ್ಲಿ ಬರುವವರಿಗೆಲ್ಲ ಹೇಳುತ್ತಿದ್ದೇನೆ.

ದಿಬ್ಬದ ಭಯಕ್ಕೆ ಆ ವರ್ಷವೇ ಮನೆಗೆ ಬೇರೆ ಪಾಲಿಸಿ ಮಾಡಿಸಿದರು.

ಏನೂ ಮಾಡದೆ ಬಿಟ್ಟಿದ್ದರೆ?

41 ವರ್ಷ ಎನ್ನುವುದು ಹೆದರಿಸುವ ಅಂಕಿ. ನಾನು ಅದನ್ನೇ ಹಿಡಿದು ಜಂಬ ಕೊಚ್ಚಿದರೆ ಅನ್ಯಾಯ. ಯಾಕೆಂದರೆ 2025ರಲ್ಲಿ ರೆಪೊ ಇಳಿಯಿತು: ಫೆಬ್ರವರಿಯಲ್ಲಿ 6.25, ಏಪ್ರಿಲ್‌ನಲ್ಲಿ 6.00, ಜೂನ್‌ನಲ್ಲಿ 5.50, ಡಿಸೆಂಬರ್‌ನಲ್ಲಿ 5.25. ಸುಮ್ಮನಿದ್ದಿದ್ದರೂ ಅವಧಿ ತಾನಾಗಿಯೇ ಸ್ವಲ್ಪ ಕುಗ್ಗುತ್ತಿತ್ತು. ಎಷ್ಟು ಎಂದು 2026ರ ಜನವರಿಯಲ್ಲಿ ಕೂತು ತಿಂಗಳು ತಿಂಗಳಾಗಿ ಲೆಕ್ಕ ಹಾಕಿದೆ.

ಹಳೆಯ ಸ್ಪ್ರೆಡ್, ಹಳೆಯ ಕಂತು ಹಾಗೇ ಇದ್ದಿದ್ದರೆ 2025ರ ಡಿಸೆಂಬರ್ ತನಕ 57 ಕಂತು, ಒಟ್ಟು 13,15,503 ರೂಪಾಯಿ ಕಟ್ಟಿರುತ್ತಿದ್ದರು. ಅದರಲ್ಲಿ ಅಸಲಿಗೆ ಹೋಗಿರುತ್ತಿದ್ದದ್ದು 1.46 ಲಕ್ಷ. ಬಾಕಿ 28.54 ಲಕ್ಷ. ಆ ಜನವರಿಯ ದರವೇ ಮುಂದುವರಿದರೆ ಇನ್ನೂ 271 ಕಂತು, ಅಂದರೆ 2048ರ ಮಧ್ಯದ ತನಕ. ನಿವೃತ್ತಿಯಾಗಿ ಐದು ವರ್ಷದ ಮೇಲೆ. ಬಡ್ಡಿ ಇಳಿದರೂ ಏರಿಕೆಯ ಕಾಲದಲ್ಲಿ ಕಳೆದುಕೊಂಡ ತಿಂಗಳುಗಳು ಪೂರ್ತಿ ವಾಪಸ್ ಬರುವುದಿಲ್ಲ.

ಈಗಿರುವ ದಾರಿಯಲ್ಲಿ 2025ರ ಡಿಸೆಂಬರ್ ಕೊನೆಗೆ ಬಾಕಿ 25.15 ಲಕ್ಷ, ಜನವರಿಯಿಂದ ಬಡ್ಡಿ 7.35. ಇಳಿಕೆ ಆದಾಗಲೂ ಕಂತನ್ನು 26,500ರಿಂದ ಇಳಿಸದೆ ಇಟ್ಟುಕೊಂಡಿದ್ದಾರೆ. ಆಗ 143 ಕಂತು ಉಳಿದಿತ್ತು, ಕೊನೆಯದು 2037ರ ನವೆಂಬರ್. ರೆಪೊ ಮತ್ತೆ ಏರಿದರೆ ಈ ತಾರೀಖೂ ಜರುಗುತ್ತದೆ, ಅದು ಅವರಿಗೂ ಗೊತ್ತು.

ಕಟ್ಟುವಾಗಿನ ಬಡ್ಡಿ, ಕಂತುಗಳು, ಮುಂಗಡ, ಶುಲ್ಕ, ಎಲ್ಲ ಕೂಡಿಸಿದರೆ ಈ ದಾರಿಯಲ್ಲಿ ಒಟ್ಟು 54.53 ಲಕ್ಷ. ಸುಮ್ಮನಿದ್ದಿದ್ದರೆ 76.71 ಲಕ್ಷ. ಅಂತರ 22 ಲಕ್ಷ. ಮಾಸ್ತರರು ಇದನ್ನು ಸ್ಟಾಫ್ ರೂಮಿನಲ್ಲಿ 22 ಲಕ್ಷ ಉಳಿತಾಯ ಎಂದು ಹೇಳಿಕೊಂಡು ತಿರುಗುತ್ತಿದ್ದಾರಂತೆ. ಅದು ಅರ್ಧ ನಿಜ. 2048ರ ರೂಪಾಯಿ ಇವತ್ತಿನ ರೂಪಾಯಿಯಲ್ಲ. ಈಗ ಹೆಚ್ಚಾಗಿ ಕಟ್ಟುವ 3,421ನ್ನು ಬೇರೆಲ್ಲಾದರೂ ಇಟ್ಟಿದ್ದರೆ ಅದೂ ಬೆಳೆಯುತ್ತಿತ್ತು. ಆದರೆ ಆಗ ಎಫ್‌ಡಿಯಲ್ಲಿ ಸಿಗುತ್ತಿದ್ದದ್ದು ಏಳರ ಆಸುಪಾಸು, ಸಾಲಕ್ಕೆ ಕಟ್ಟುತ್ತಿದ್ದದ್ದು ಮೊದಲು 9.40, ಆಮೇಲೆ 8.60. ಈ ಅಂತರ ಇರುವ ತನಕ ಸಾಲಕ್ಕೆ ತುಂಬಿದ್ದೇ ಲಾಭ ಎಂಬುದು ನನ್ನ ಅಭಿಪ್ರಾಯ.

ಒಂದು ಕುಚೋದ್ಯ ನೋಡಿ. 2021ರಲ್ಲಿ ಬ್ಯಾಂಕು ಕೊಟ್ಟ ಹಾಳೆಯಲ್ಲಿದ್ದ ಒಟ್ಟು ಮೊತ್ತ 55.39 ಲಕ್ಷ. ಇಷ್ಟೆಲ್ಲ ಓಡಾಡಿ, ಆರ್‌ಡಿ ಹಣ ತುಂಬಿ, ಕಂತು ಏರಿಸಿಕೊಂಡು, ಎರಡು ವರ್ಷ ಇಳಿಕೆಗೆ ಕಾದು, ಅವರು ತಲುಪಿದ್ದು ಹೆಚ್ಚುಕಡಿಮೆ ಮೊದಲ ದಿನ ಅಂದುಕೊಂಡ ಜಾಗಕ್ಕೇ.

ಈ 54.53 ಲಕ್ಷದಲ್ಲಿ ಮನೆಯ ಖರ್ಚು ಸೇರಿಲ್ಲ. ಸಮುದ್ರದ ಗಾಳಿಗೆ ಕಿಟಕಿಯ ಸರಳು ಎರಡೇ ವರ್ಷದಲ್ಲಿ ತುಕ್ಕು ಹಿಡಿದಿತ್ತು. ಮೊದಲ ಮಳೆಗೇ ಟೆರೇಸ್ ಸೋರಿ 2022ರ ಮೇ ತಿಂಗಳಲ್ಲಿ ಮೇಲೆ ತಗಡಿನ ಮಾಡು ಹಾಕಿಸಿದರು, 1,85,000. ಬಳೆ ಅಡವಿಟ್ಟು ತಂದ ಹಣ. ಸಾಲ ಮಂಜೂರು ಮಾಡುವಾಗ ಇಂಜಿನಿಯರ್ ಕೊಟ್ಟ ಎಸ್ಟಿಮೇಟಿನಲ್ಲಿ ಆ ಮಾಡು ಇರಲಿಲ್ಲ. ಕರಾವಳಿಯಲ್ಲಿ ಟೆರೇಸ್ ಮನೆಗೆ ತಗಡು ಬೇಕೇ ಬೇಕು ಎಂದು ಆ ಇಂಜಿನಿಯರಿಗೆ ಗೊತ್ತಿರಲಿಲ್ಲ ಎಂದು ನಾನು ನಂಬುವುದಿಲ್ಲ. ಎಸ್ಟಿಮೇಟ್ ಸಾಲದ ಅಳತೆಗೆ ಸರಿಹೋಗಬೇಕಿತ್ತು, ಅಷ್ಟೇ.

ಮೊನ್ನೆ ಹೆಂಡತಿ ವಾಟ್ಸಾಪಿನಲ್ಲಿ ನೋಟ್‌ಬುಕ್ಕಿನ ಪುಟದ ಫೋಟೊ ಕಳಿಸಿದ್ದರು. ಜನವರಿ 2026, ಕಂತು 26,500, ಬಡ್ಡಿ 15,407, ಅಸಲು 11,093. ಕೆಳಗೆ ಪೆನ್ಸಿಲ್ಲಿನಲ್ಲಿ ಇನ್ನೊಂದು ಸಾಲು: "ಅಡುಗೆಮನೆ ಬದಿ ತಗಡು ತೂತು, ಮೇ ಒಳಗೆ."